ತಾನಸೇನನ ಊರಲ್ಲಿ ಒಂದು ಡಿಸೆಂಬರ್

ಗ್ವಾಲಿಯರ್‌ನ ಹಜೀರಾದಲ್ಲಿ ಗೇಟು ದಾಟಿದ ಕೂಡಲೇ ಒಂದು ದೊಡ್ಡ ಗುಮ್ಮಟ ಕಾಣುತ್ತದೆ. ಮೂಲೆಗಳಲ್ಲಿ ಆರು ಮುಖದ ಗೋಪುರಗಳು, ಸುತ್ತಲೂ ಕಲ್ಲಿನ ಜಾಲರಿ. ಅಕ್ಬರನ ಆಸ್ಥಾನದ ಹಾಡುಗಾರ ತಾನಸೇನನ ಸಮಾಧಿ ಇದೇ ಎಂದು ಫೋಟೋ ತೆಗೆಯುವವರೇ ಜಾಸ್ತಿ. ಆದರೆ ಅದು ಸೂಫಿ ಸಂತ ಮೊಹಮ್ಮದ್ ಗೌಸ್ ಅವರ ಗೋರಿ. ತಾನಸೇನ ಮಲಗಿರುವುದು ಪಕ್ಕದ ಪುಟ್ಟ ಮಂಟಪದಲ್ಲಿ. ಕಂಬಗಳು, ಮೇಲೊಂದು ಚಪ್ಪಟೆ ಚಾವಣಿ, ಅಷ್ಟೇ. ಗೋಡೆಯೂ ಇಲ್ಲ. ನನಗಂತೂ ಈ ಸಣ್ಣದೇ ಇಷ್ಟವಾಯಿತು.

ಗೌಸ್ ಅವನ ಗುರು ಎಂದು ಇಲ್ಲಿನವರು ಹೇಳುತ್ತಾರೆ. ವೃಂದಾವನದವರನ್ನು ಕೇಳಿದರೆ ಅಲ್ಲಿನ ಸಂತ, ಹಾಡುಗಾರ ಸ್ವಾಮಿ ಹರಿದಾಸರೇ ಗುರು. ಈ ಜಗಳ ಬಗೆಹರಿಯುವಂಥದ್ದಲ್ಲ, ಬಗೆಹರಿಯಬೇಕಾಗಿಯೂ ಇಲ್ಲ.

ಸಮಾಧಿಯ ಹತ್ತಿರ ಒಂದು ಹುಣಸೆ ಮರ ಇದೆ. ಅದರ ಎಲೆ ಅಗಿದರೆ ಕಂಠ ಇಂಪಾಗುತ್ತದೆ ಎಂದು ತಲೆಮಾರುಗಳಿಂದ ಹಾಡುಗಾರರು ಎಲೆ ಕಿತ್ತು ತಿಂದಿದ್ದಾರೆ. ಹಳೆಯ ಮರ ಹೋಗಿ ಈಗಿರುವುದು ಹೊಸದು. ನಾನೂ ಒಂದೆಲೆ ಬಾಯಿಗೆ ಹಾಕಿಕೊಂಡೆ. ಹುಳಿ. ಕಂಠದ ವಿಷಯ ಮನೆಯವರನ್ನೇ ಕೇಳಬೇಕು!

ತಾನಸೇನನ ಸುತ್ತ ಇಂಥ ಕಥೆಗಳೇ ತುಂಬಿಕೊಂಡಿವೆ. ದೀಪಕ ರಾಗ ಹಾಡಿದಾಗ ದೀಪಗಳು ತಾವೇ ಹೊತ್ತಿಕೊಂಡವು, ಅವನ ಮೈಯೂ ಉರಿಯತೊಡಗಿತು ಅನ್ನುವುದನ್ನು ಎಲ್ಲರೂ ಕೇಳಿರುತ್ತಾರೆ. ಆ ಉರಿ ಆರಿಸಲು ಮಳೆ ತರಿಸಿದವರು ಗುಜರಾತಿನ ವಡನಗರದ ತಾನಾ ಮತ್ತು ರೀರೀ ಎಂಬ ಅಕ್ಕತಂಗಿಯರಂತೆ. ಆಮೇಲೆ ಅರಮನೆಗೆ ಬಂದು ಹಾಡಿ ಎಂದು ಕರೆ ಬಂತು. ಅವರು ಹೋಗಲಿಲ್ಲ, ಬಾವಿಗೆ ಹಾರಿದರು. ದೀಪದ ಪವಾಡಕ್ಕಿಂತ ಕಥೆಯ ಈ ಕೊನೆಯೇ ನನ್ನನ್ನು ಕಾಡುತ್ತದೆ. ಏಕೆಂದರೆ ಅರಮನೆಯ ಕರೆ ಎಷ್ಟು ಭಾರ ಅಂತ ತಾನಸೇನನಿಗೂ ಗೊತ್ತಿತ್ತು.

ಅದು ಕಥೆಯಲ್ಲ, ಇತಿಹಾಸ. ತಾನಸೇನ ಬಾಂಧವಗಢದಲ್ಲಿ ಬಘೇಲ ರಾಜ ರಾಮಚಂದ್ರನ ಆಸರೆಯಲ್ಲಿ ಹಾಯಾಗಿದ್ದ. ಆಗಲೇ ದೊಡ್ಡ ಹೆಸರು, ನಡುವಯಸ್ಸೂ ದಾಟಿತ್ತು. 1562ರಲ್ಲಿ ಅಕ್ಬರ್ ತನ್ನ ಅಧಿಕಾರಿ ಜಲಾಲ್ ಖಾನ್ ಕೂರ್ಚಿಯನ್ನು ಕಳಿಸಿ ಅವನನ್ನು ಕರೆಸಿಕೊಂಡ. ಇಲ್ಲ ಅನ್ನುವ ಶಕ್ತಿ ರಾಜನಿಗೇ ಇರಲಿಲ್ಲ, ಇನ್ನು ಹಾಡುಗಾರನಿಗೆ ಎಲ್ಲಿ? ಮೊದಲ ಸಲ ಹಾಡಿದಾಗ ಎರಡು ಲಕ್ಷದ ಇನಾಮು ಸಿಕ್ಕಿತು ಎಂದು ಬರೆದಿಟ್ಟಿದ್ದಾರೆ. ಸಾವಿರ ವರ್ಷದಲ್ಲಿ ಇಂಥವನು ಹುಟ್ಟಿಲ್ಲ ಎಂದು ಅಕ್ಬರನ ಚರಿತ್ರೆ ಬರೆದ ಅಬುಲ್ ಫಜಲ್ ಹೊಗಳಿದ. ನಾವು ಅವನನ್ನು ಅಕ್ಬರನ ನವರತ್ನ ಎಂದೇ ನೆನೆಯುತ್ತೇವೆ. ಅದಕ್ಕೆ ಮುಂಚಿನ ಅಷ್ಟು ವರ್ಷಗಳ ಸಾಧನೆ ಯಾರಿಗೂ ಬೇಡ, ಅಲ್ವಾ?

ಆ ಮುಂಚಿನ ಕಾಲ ಸ್ವಲ್ಪವಾದರೂ ಕಾಣಬೇಕಾದರೆ ಕೋಟೆ ಹತ್ತಬೇಕು. ಮಾನಸಿಂಗ್ ತೋಮರ್ ಕಟ್ಟಿಸಿದ ಅರಮನೆಯ ಹೊರಗೋಡೆಯ ಮೇಲೆ ನೀಲಿ ಹೆಂಚಿನ ಪಟ್ಟಿಗಳಿವೆ, ಹಳದಿ ಬಾತುಕೋಳಿಗಳ ಸಾಲಿದೆ. ಈ ರಾಜ 1486ರಿಂದ 1516ರವರೆಗೆ ಆಳಿದ. ಹಿಂದೂಸ್ತಾನಿ ಹಾಡುಗಾರಿಕೆಯ ಹಳೆಯ ಬಗೆಯಾದ ಧ್ರುಪದ್ ಬೆಳೆದದ್ದು ಅವನ ಆಸರೆಯಲ್ಲಿ. ಅವನ ನಂತರ ಕೋಟೆ ಲೋದಿಗಳ ಪಾಲಾಯಿತು, ಹಾಡುಗಾರರು ಊರೂರಿಗೆ ಚದುರಿದರು. ಅರಮನೆಯ ನೆಲಮಾಳಿಗೆಯ ಗುಂಡು ಕೋಣೆಗಳನ್ನು ಮೊಘಲರು ಸೆರೆಮನೆ ಮಾಡಿಕೊಂಡರು. ಅಲ್ಲಿ ನನಗೆ ಜಾಸ್ತಿ ಹೊತ್ತು ನಿಲ್ಲಲಾಗಲಿಲ್ಲ.

ನಾವು ಹೋಗಿದ್ದು ತಾನಸೇನ್ ಸಮಾರೋಹಕ್ಕೆ. 1924ರಲ್ಲಿ ಶುರುವಾದ ಈ ಹಬ್ಬ ಪ್ರತಿ ಡಿಸೆಂಬರ್‌ನಲ್ಲಿ ನಡೆಯುತ್ತದೆ. ಮೊದಲ ಬೆಳಿಗ್ಗೆ ಸಮಾಧಿಯ ಬಳಿ ಶಹನಾಯಿ, ಆಮೇಲೆ ಹರಿಕಥೆ, ಅದರ ಜೊತೆಗೇ ಪ್ರವಾದಿಯನ್ನು ಸ್ತುತಿಸುವ ಮಿಲಾದ್, ಗೋರಿಗೆ ಹೊದಿಸುವ ಚಾದರ್. ಒಬ್ಬನೇ ಮನುಷ್ಯನಿಗೆ ಎರಡೂ ಬಗೆಯ ನಮಸ್ಕಾರ. ಅಲ್ಲಿ ಅದಕ್ಕೆ ಯಾರೂ ಭಾಷಣ ಮಾಡಲಿಲ್ಲ, ಸುಮ್ನೆ ನಡೆದುಹೋಯಿತು. ರಾತ್ರಿಯ ಕಛೇರಿಗೆ ಹೋಗುವವರು ಸ್ವೆಟರ್ ಜೊತೆಗೆ ಶಾಲನ್ನೂ ಇಟ್ಟುಕೊಳ್ಳಿ. ಅಲ್ಲಿನ ಚಳಿ ನಮ್ಮ ಕಡೆಯ ಚಳಿಯಲ್ಲ.

ನಮ್ಮ ಕಡೆ ಅಂದಾಗ ನೆನಪಾಯಿತು. ಗದಗದಿಂದ ಹುಡುಗನಾಗಿದ್ದಾಗಲೇ ಮನೆ ಬಿಟ್ಟು ಓಡಿದ ಭೀಮಸೇನ ಜೋಶಿ ಗುರುವನ್ನು ಹುಡುಕುತ್ತಾ ಬಂದದ್ದು ಇದೇ ಊರಿಗೆ. 1918ರಲ್ಲಿ ಶುರುವಾದ ಮಾಧವ ಸಂಗೀತ ಶಾಲೆಯಲ್ಲಿ ಸ್ವಲ್ಪ ಕಾಲ ಕಲಿತರು. ಸರೋದ್ ವಾದಕ ಹಾಫಿಜ್ ಅಲಿ ಖಾನ್ ನೆರವಾಗಿದ್ದರು. ಆ ಉಸ್ತಾದರ ಮನೆ ಈಗ 'ಸರೋದ್ ಘರ್' ಎಂಬ ಮ್ಯೂಸಿಯಂ ಆಗಿದೆ. ಹಳೆಯ ವಾದ್ಯಗಳನ್ನು ಚೆನ್ನಾಗಿ ಇಟ್ಟಿದ್ದಾರೆ.

ಸಮಾರೋಹದ ಒಂದು ಬೆಳಗಿನ ಕಛೇರಿ ತಾನಸೇನ ಹುಟ್ಟಿದ ಬೇಹಟ್‌ನಲ್ಲಿ. ಟ್ಯಾಕ್ಸಿ ಮಾಡಿಕೊಂಡು ಹೋದೆವು. ಅಲ್ಲಿನ ಹಳೆಯ ಶಿವನ ಗುಡಿ ಒಂದು ಕಡೆ ವಾಲಿದೆ. ಹುಡುಗ ತಾನಸೇನನ ತಾನಕ್ಕೆ ಅದು ವಾಲಿತು ಎಂದು ಊರವರು ಹೇಳುತ್ತಾರೆ. ಅಡಿಪಾಯ ಕುಸಿದಿರಬೇಕು ಎಂದು ನನ್ನ ಜೊತೆಗಿದ್ದ ಎಂಜಿನಿಯರ್ ಗೆಳೆಯ ಗೊಣಗಿದ. ಅಷ್ಟರಲ್ಲಿ ವೇದಿಕೆಯಲ್ಲಿ ತಂಬೂರಿ ಶ್ರುತಿ ಹಿಡಿಯಿತು. ತಾನಸೇನನದೇ ಎನ್ನುವ ಮಿಯಾಂ ಕಿ ತೋಡಿ ರಾಗದ ಆಲಾಪ ಶುರುವಾಯಿತು. ಗೆಳೆಯ ಮಾತು ನಿಲ್ಲಿಸಿ ಜಮಖಾನದ ಮೇಲೆ ಮುಂದಿನ ಸಾಲಿಗೆ ಸರಿದು ಕೂತ.