ಸ್ನಾನದ ತೊಟ್ಟಿಯಲ್ಲೂ ‘ನೀವು’

ಜರ್ಮನಿಯ ಬ್ರೆಮೆನ್‌ಗೆ ಬಂದ ಮೊದಲ ಡಿಸೆಂಬರ್. ಆಫೀಸಿನಲ್ಲಿ ಕ್ರಿಸ್‌ಮಸ್ ಮರ ಸಿಂಗರಿಸುತ್ತಿದ್ದರು. ರಿಟೈರ್ ಆಗಲು ಹತ್ತಿರವಿದ್ದ ಸಹೋದ್ಯೋಗಿಯೊಬ್ಬರು ಮರವನ್ನು ನೋಡಿ ಮುಖ ಗಂಟಿಕ್ಕಿ, ‘ಮೊದಲೆಲ್ಲ ಲಮೆಟಾ ಜಾಸ್ತಿ ಇರ್ತಿತ್ತು’ ಅಂದರು. ಲಮೆಟಾ ಅಂದರೆ ಮರಕ್ಕೆ ಇಳಿಬಿಡುವ ಬೆಳ್ಳಿ ಬಣ್ಣದ ಜರಿ. ಎಲ್ಲರೂ ಗೊಳ್ಳೆಂದು ನಕ್ಕರು. ನಾನು ಸುಮ್ನೆ ಮರ ನೋಡಿದೆ. ಜರಿ ಸಾಕಷ್ಟೇ ಇತ್ತಲ್ಲ!

ಅದು ಜರ್ಮನಿಯ ಹೆಸರಾಂತ ಹಾಸ್ಯಗಾರ ಲೋರಿಯೋ ಅವರ ಮಾತಂತೆ. 1978ರ ಟಿವಿ ಪ್ರಹಸನವೊಂದರಲ್ಲಿ ಅಜ್ಜ ಗೊಣಗುವ ಮಾತು. ಇವತ್ತಿಗೂ ಗಾದೆಯ ಹಾಗೆ ಓಡಾಡುತ್ತಿದೆ. ಅವರ ಆ ಟಿವಿ ಸರಣಿ ತಯಾರಾಗಿದ್ದೂ ನಮ್ಮ ಊರಿನ ಪ್ರಸಾರ ಸಂಸ್ಥೆ ರೇಡಿಯೋ ಬ್ರೆಮೆನ್‌ನಲ್ಲೇ.

ಅವರ ನಿಜವಾದ ಹೆಸರು ವಿಕೋ ಫಾನ್ ಬ್ಯೂಲೋ. ಹುಟ್ಟಿದ್ದು 1923ರಲ್ಲಿ, ಎರಡನೇ ಮಹಾಯುದ್ಧದಲ್ಲಿ ಮೂರು ವರ್ಷ ರಷ್ಯಾ ವಿರುದ್ಧದ ರಣರಂಗದಲ್ಲಿ ಇದ್ದವರು. ಆಮೇಲೆ ಹ್ಯಾಂಬರ್ಗಿನಲ್ಲಿ ಚಿತ್ರಕಲೆ ಕಲಿತು ವ್ಯಂಗ್ಯಚಿತ್ರ ಬರೆದರು. 1953ರಲ್ಲಿ ‘ಷ್ಟೆರ್ನ್’ ಪತ್ರಿಕೆಯಲ್ಲಿ ನಾಯಿಗಳು ಯಜಮಾನರಾಗಿ, ಮನುಷ್ಯರು ಸಾಕುಪ್ರಾಣಿಗಳಾಗಿದ್ದ ಚಿತ್ರಗಳು ಬಂದವು. ಓದುಗರು ಸಿಟ್ಟಾದರು, ಸರಣಿ ನಿಂತಿತು.

ನಾನು ಮೊದಲು ನೋಡಿದ್ದು ಸ್ನಾನದ ತೊಟ್ಟಿಯ ಕಾರ್ಟೂನು. ಹೋಟೆಲಿನಲ್ಲಿ ಏನೋ ಎಡವಟ್ಟಾಗಿ ಇಬ್ಬರು ಗಂಡಸರು ಒಂದೇ ತೊಟ್ಟಿಯಲ್ಲಿ ಕೂತಿದ್ದಾರೆ. ಮೈಮೇಲೆ ಬಟ್ಟೆಯಿಲ್ಲ, ಆದರೂ ಮಾತು ಬಹುವಚನದಲ್ಲೇ. ಡಾಕ್ಟರ್ ಸಾಹೇಬರೇ ಅಂತ ಗೌರವ ಬೇರೆ! ಜಗಳ ರಬ್ಬರ್ ಬಾತುಕೋಳಿಯದ್ದು, ಅದು ನೀರಿಗಿಳಿಯಬೇಕೋ ಬೇಡವೋ ಅಂತ. ಇನ್ನೊಂದು ಪ್ರಹಸನದಲ್ಲಿ ಲೋರಿಯೋ ಅವರೇ ಒಬ್ಬಾಕೆಗೆ ಪ್ರೇಮ ನಿವೇದನೆ ಮಾಡುತ್ತಾರೆ. ಮುಖಕ್ಕೆ ನೂಡಲ್ ಎಳೆಯೊಂದು ಅಂಟಿದೆ, ಅದು ಜಾಗ ಬದಲಿಸುತ್ತಲೇ ಇರುತ್ತದೆ. ಎದುರಿಗೆ ನಟಿ ಎವೆಲಿನ್ ಹಾಮನ್. ಹೇಳಲೂ ಆಗದೆ ಬಿಡಲೂ ಆಗದೆ ಕೂತ ಆಕೆಯ ಕಣ್ಣು ನೋಡಬೇಕು. ಅಲ್ಲೂ ‘ನೀವು’. ಜರ್ಮನ್ ಕ್ಲಾಸಿನಲ್ಲಿ ತಿಂಗಳುಗಟ್ಟಲೆ ಹೇಳಿಕೊಟ್ಟರೂ ತಲೆಗೆ ಹತ್ತದಿದ್ದ ‘ಝೀ’ (ನೀವು) ಮತ್ತು ‘ಡೂ’ (ನೀನು) ವ್ಯತ್ಯಾಸ ನನಗೆ ಹತ್ತಿದ್ದು ಇಲ್ಲಿ.

ಸಿನಿಮಾ ನಿರ್ದೇಶನಕ್ಕೆ ಕೈ ಹಾಕಿದ್ದು 64ನೇ ವಯಸ್ಸಿನಲ್ಲಿ. 1988ರ ‘ಓಡಿಪುಸ್ಸಿ’ ಅಮ್ಮನ ಸೆರಗು ಬಿಡದ 56ರ ಮಗನ ಕತೆ. ಬರೆದಿದ್ದು, ನಿರ್ದೇಶಿಸಿದ್ದು, ನಾಯಕನಾಗಿದ್ದು ಎಲ್ಲ ಅವರೇ. ಬರ್ಲಿನ್ ಗೋಡೆ ಇನ್ನೂ ನಿಂತಿದ್ದ ಕಾಲದಲ್ಲಿ ಅದು ಪೂರ್ವ ಮತ್ತು ಪಶ್ಚಿಮ ಬರ್ಲಿನ್ ಎರಡರಲ್ಲೂ ಒಂದೇ ದಿನ ಮೊದಲ ಪ್ರದರ್ಶನ ಕಂಡಿತು.

ನನಗೆ ಜಾಸ್ತಿ ಇಷ್ಟ 1991ರ ‘ಪಪ್ಪಾ ಆಂಟೆ ಪೋರ್ಟಾಸ್’. ರಿಯಾಯಿತಿ ಸಿಗುತ್ತದೆಂದು ಕಂಪನಿಗೆ ದಶಕಗಳಿಗಾಗುವಷ್ಟು ಕಾಗದ ಕೊಂಡ ಅಧಿಕಾರಿಯನ್ನು ಮನೆಗೆ ಕಳಿಸುತ್ತಾರೆ. ಮನೆಯಲ್ಲೂ ಅದೇ ಚಾಳಿ. ಒಮ್ಮೆಗೇ ರಾಶಿ ಸಾಸಿವೆ ಸಾಸ್ ಬಾಟಲಿ ತರಿಸುತ್ತಾನೆ. ಹೆಂಡತಿಯ ಪಾತ್ರ ಹಾಮನ್ ಅವರದ್ದೇ. ನಮ್ಮಪ್ಪ ರಿಟೈರ್ ಆದ ವರ್ಷ ಅಡುಗೆಮನೆಯ ಡಬ್ಬಗಳಿಗೆಲ್ಲ ಚೀಟಿ ಅಂಟಿಸಿದ್ದು, ಅಮ್ಮ ಮಾತಾಡದೆ ಒಂದೊಂದೇ ಕಿತ್ತದ್ದು ನೆನಪಾಗಿ ಒಬ್ಬನೇ ನಕ್ಕೆ.

2011ರಲ್ಲಿ ಲೋರಿಯೋ ತೀರಿಕೊಂಡರು. ಬರ್ಲಿನ್ನಿನ ಅವರ ಸಮಾಧಿಗೆ ಬರುವವರು ರಬ್ಬರ್ ಬಾತುಕೋಳಿ ಇಟ್ಟು ಹೋಗುತ್ತಾರೆ.

ಲಮೆಟಾ ಸಹೋದ್ಯೋಗಿ ಹೋದ ತಿಂಗಳು ರಿಟೈರ್ ಆದರು. ಕೊನೆಯ ದಿನ ಕೈ ಚಾಚಿ, ‘ಇನ್ನು ಮೇಲೆ ನೀನು ಅನ್ನೋಣವೇ?’ ಅಂದರು. ‘ಆಗಲಿ, ನಿಮ್ಮಿಷ್ಟ’ ಅಂದುಬಿಟ್ಟೆ.