ಮೂವತ್ತಮೂರು ಅಡಿ, ಮೇಲೆ ಮೂರು ಇಂಚು

ಜಮೀನು ಅಳೆಯುವ ಹಳೇ ಕಾಲದ ಸರಪಳಿಯ ನಕಲೊಂದನ್ನು ಮಾಡುತ್ತಿದ್ದೇನೆ. ಹಾಳಾದ್ದು ಮತ್ತೆ ಹಿಗ್ಗಿತು. ಐವತ್ತು ಕೊಂಡಿ, ಜೋಡಿಸುವ ಬಳೆ ಸೇರಿ ಒಂದೊಂದೂ 7.92 ಇಂಚು. ಅಂಗಳದಲ್ಲಿ ಹಾಸಿದಾಗ ಕರಾರುವಾಕ್ 33 ಅಡಿ. ಅಣ್ಣ ಆ ತುದಿ, ನಾನು ಈ ತುದಿ ಹಿಡಿದು ತೋಟದಲ್ಲಿ ನಾಲ್ಕು ಸುತ್ತು ಎಳೆದಾಡಿ ಬಂದು ನೋಡಿದರೆ 33 ಅಡಿ 3 ಇಂಚು!

ಅಮೆರಿಕದ ವರ್ಜೀನಿಯಾದ ಕಾಡುಗುಡ್ಡಗಳಲ್ಲಿ 66 ಅಡಿಯ ಗುಂಟರ್ ಸರಪಳಿ ಎಳೆಯುವುದು ಕಷ್ಟವೆಂದು ಬಳಸುತ್ತಿದ್ದ ಅರ್ಧ ಸರಪಳಿ ಇದು. ಮುಂದೆ ಅಮೆರಿಕದ ಮೊದಲ ಅಧ್ಯಕ್ಷನಾದ ಜಾರ್ಜ್ ವಾಷಿಂಗ್ಟನ್ 1749ರಲ್ಲಿ, ಹದಿನೇಳರ ಹುಡುಗನಾಗಿದ್ದಾಗ, ಅಲ್ಲಿನ ಕಲ್ಪೆಪರ್ ಕೌಂಟಿಯ ಸರ್ವೇಯರ್ ಆದ. ಶೆನಾಂಡೋವಾ ಕಣಿವೆ ಕಡೆ ಬಂದು ನೆಲೆಸುತ್ತಿದ್ದ ಕುಟುಂಬಗಳಿಗೆ ದೊಡ್ಡ ಜಮೀನುದಾರ ಲಾರ್ಡ್ ಫೇರ್‌ಫ್ಯಾಕ್ಸ್‌ನ ಜಮೀನು ಅಳೆದುಕೊಟ್ಟ. ತಮಾಷೆ ಏನೆಂದರೆ, ಎಷ್ಟೋ ಸಲ ಸರಪಳಿ ಹಿಡಿಯುತ್ತಿದ್ದವರು ಜಮೀನು ಪಡೆಯುವವನ ಮನೆಯವರೇ. ನನ್ನ ಈ ಹಿಗ್ಗಿದ ಸರಪಳಿಯಲ್ಲಿ 400 ಎಕರೆ ಅಳೆದರೆ ಸುಮಾರು 6 ಎಕರೆ ಪುಕ್ಕಟೆ! ಲೆಕ್ಕ ಕೇಳಿದ ಅಣ್ಣ, "ಇದನ್ನ ಬಿಸಾಕ್ಬೇಡ ಕಣೋ, ತೋಟ ಕೊಳ್ಳೋವಾಗ ಬೇಕಾಗತ್ತೆ" ಅಂದ.

ಮೊದಲು ಬಳೆಗಳ ಮೇಲೆ ಅನುಮಾನ. ಅಷ್ಟನ್ನೂ ಬದಲಾಯಿಸಿದೆ, ಒಂದು ಭಾನುವಾರ ಹೋಯಿತು, ಉಪಯೋಗವಾಗಲಿಲ್ಲ. ಕೊನೆಗೆ ಭೂತಗನ್ನಡಿ ಹಿಡಿದಾಗ ಕಳ್ಳ ಸಿಕ್ಕ: ಕೊಂಡಿಯ ಎರಡೂ ತುದಿಯಲ್ಲಿ ಬಳೆ ಸಿಕ್ಕಿಸುವ ಕಣ್ಣು ಬಾಯಿಬಿಟ್ಟಿವೆ. ನೂರು ಕಣ್ಣು, ಒಂದೊಂದರಲ್ಲಿ ಮುಕ್ಕಾಲು ಮಿಲಿಮೀಟರ್ ಸಡಿಲವಾದರೆ ಮೂರು ಇಂಚು ಆಯಿತಲ್ಲ. ತಂತಿಗೆ ದಪ್ಪ ಅಳೆಯುವ ವರ್ನಿಯರ್ ಇಟ್ಟರೆ 3.2 ಮಿಲಿಮೀಟರ್. ಎಂಟನೇ ಗೇಜು ಅಂತ ಹಣ ತೆಗೆದುಕೊಂಡು ಅದಕ್ಕಿಂತ ತೆಳ್ಳಗಿನ ಹತ್ತನೆಯದು ಕಟ್ಟಿಕೊಟ್ಟಿದ್ದಾನೆ ಅಂಗಡಿಯ ಪುಣ್ಯಾತ್ಮ! ಆನ್‌ಲೈನಿನಲ್ಲಿ ತರಿಸಿದ ಸರಪಳಿಯ ಗುರುತಿನ "ಹಿತ್ತಾಳೆ" ಬಿಲ್ಲೆಗಳಿಗೂ ಅಯಸ್ಕಾಂತ ಅಂಟಿತು. ಒಳಗೆ ಕಬ್ಬಿಣ.

ನಿಜವಾದ ಎಂಟನೇ ಗೇಜು ತಂದು ಐದು ಕೊಂಡಿ ಮಾಡಿ, ಕಣ್ಣು ಮುಚ್ಚುವಲ್ಲಿ ಹಿತ್ತಾಳೆ ಬೆಸುಗೆ ಹಾಕಿದೆ. ಬಿಳಿಗಾರ ಉಬ್ಬಿ, ಗಾಜಿನಂತೆ ಕರಗಿ, ಆಮೇಲೆ ಹಳದಿ ಗೆರೆ ಸಂದಿಯೊಳಗೆ ಸರ್ರನೆ ಓಡಿತು. ಎಷ್ಟು ಚೆಂದ! ತೊಲೆಗೆ ಕಟ್ಟಿ ಹತ್ತು ಕಿಲೋ ಅಕ್ಕಿ ತೂಗುಬಿಟ್ಟೆ. ಬೆಳಿಗ್ಗೆ ಕೂದಲೆಳೆಯಷ್ಟೂ ಹಿಗ್ಗಿರಲಿಲ್ಲ. ಉಳಿದ ನಲವತ್ತೈದಕ್ಕೆ ಗ್ಯಾಸ್ ಸಾಲಬೇಕು.

ಅಷ್ಟರಲ್ಲಿ ಇನ್ನೊಂದು ಹುಳ ತಲೆಗೆ ಹೊಕ್ಕಿದೆ. ನಮ್ಮ ಹಳೇ ಸರ್ವೇ ಸರಪಳಿಯೂ 33 ಅಡಿಯದೇ. ಅದರ ಚೌಕವೇ ಒಂದು ಗುಂಟೆ. ಆದರೆ ಅದಕ್ಕೆ ಐವತ್ತು ಕೊಂಡಿಯ ಲೆಕ್ಕವಿಲ್ಲ, ಆಣೆ ಎಂಬ ಹದಿನಾರು ಭಾಗ; ಆಣೆಗೆ ಎರಡಡಿ ಮುಕ್ಕಾಲು ಇಂಚು. ಎರಡನ್ನೂ ಪಕ್ಕಪಕ್ಕ ಗೋಡೆಗೆ ತೂಗುಹಾಕಬೇಕು. ಕೊಂಡಿ ಬಗ್ಗಿಸುವ ಅಚ್ಚಿಗೆ ಸಾಗುವಾನಿ ತುಂಡು ಹೊಂದಿಸಿಟ್ಟಿದ್ದೇನೆ. ತಂತಿ ಮಾತ್ರ ಬೇರೆ ಅಂಗಡಿಯಿಂದ, ವರ್ನಿಯರ್ ಜೇಬಿನಲ್ಲಿಟ್ಟುಕೊಂಡೇ ಹೋಗುವುದು.