ಡೆಕ್ ಕೆಲಸದ ಮುಂದಿನ ಹಂತ: ಅಂಚಿಗೆ ಫೇಶಿಯಾ ಹಲಗೆ

ಮೇಲಿನ ಹಲಗೆಗಳೆಲ್ಲ ಕೂತವು, ಇನ್ನು ಅಂಚಿನ ಕೆಲಸ. ನಾರ್ತ್ ಕೆರೊಲಿನಾದ ನಮ್ಮ ಮನೆಯ ಹಿತ್ತಲಿನ ಈ ಡೆಕ್ (ನೆಲದಿಂದ ಎತ್ತರಿಸಿ ಹಲಗೆ ಹಾಸಿದ ತೆರೆದ ಜಗುಲಿ) 16 ಅಡಿ ಉದ್ದ, 12 ಅಡಿ ಅಗಲ, ನೆಲದಿಂದ 21 ಇಂಚು ಎತ್ತರ. 30 ಇಂಚು ಮೀರದ ಡೆಕ್‌ಗೆ ಇಲ್ಲಿ ಕಟಕಟೆ ಕಡ್ಡಾಯವಿಲ್ಲ. ಹಾಗಾಗಿ ಮೂರು ಬದಿಯ ಅಂಚೂ ಅಂಗಳದಿಂದ ನೇರವಾಗಿ ಕಾಣುತ್ತದೆ. ಒಳಗಿನ ಹಸಿರು ಛಾಯೆಯ ಪ್ರೆಷರ್ ಟ್ರೀಟೆಡ್ (ಕೊಳೆಯದಂತೆ ಒತ್ತಡದಲ್ಲಿ ಸಂರಕ್ಷಕ ತುಂಬಿಸಿದ) ತೊಲೆಗಳನ್ನು ಮುಚ್ಚುವ ಹಲಗೆಯೇ ಫೇಶಿಯಾ.

ಆಯ್ಕೆಗೆ ಕೂತಾಗ ಮೊದಲು ಬಂದದ್ದು ಪಿವಿಸಿಯೋ ಕಾಂಪೊಸಿಟೋ ಎಂಬ ಪ್ರಶ್ನೆ. ಪಿವಿಸಿ ಹಗುರ, ಅದರಲ್ಲಿ ಮರದ ಪುಡಿಯೇ ಇಲ್ಲ, ನೀರಿಗೆ ಅಂಜುವುದಿಲ್ಲ. ಆದರೆ ಬಿಸಿಲಿಗೆ ಹಿಗ್ಗುವುದು ಕಾಂಪೊಸಿಟ್‌ಗಿಂತ ಜಾಸ್ತಿ. ಮೇಲೆ ಹಾಸಿರುವುದು ಕಾಂಪೊಸಿಟ್, ಅಂದರೆ ಮರದ ಪುಡಿ ಮತ್ತು ಪ್ಲಾಸ್ಟಿಕ್ ಬೆರೆಸಿ ಅಚ್ಚಿನಲ್ಲಿ ಒತ್ತಿ ಮಾಡಿದ ಹಲಗೆ. ಅದೇ ಕಂಪನಿಯ ಫೇಶಿಯಾ ತಂದರೆ ಬಣ್ಣವೂ ಮೈಮೇಲಿನ ಗೆರೆಗಳೂ ಹೊಂದುತ್ತವೆ ಎಂದು ಅದನ್ನೇ ತಂದೆವು. ನನ್ನ ಹೆಂಡತಿಗೆ ಕಡು ಕಂದು ಇಷ್ಟವಾಗಿತ್ತು. ಪಡುವಣ ಬದಿಗೆ ಮಧ್ಯಾಹ್ನದಿಂದ ಸಂಜೆವರೆಗೂ ಬಿಸಿಲು ಬಡಿಯುತ್ತದೆ, ಕಡು ಬಣ್ಣ ಇನ್ನಷ್ಟು ಕಾಯುತ್ತದೆ ಎಂದು ಇಬ್ಬರೂ ಮಾತಾಡಿಕೊಂಡು ತಿಳಿ ಬೂದುಗಂದಿಗೆ ಒಪ್ಪಿದೆವು.

ಅಳತೆಯಲ್ಲಿ ಯೋಚಿಸಬೇಕಾದದ್ದು ಬೇಕಾದಷ್ಟಿತ್ತು. ಅಂಚಿನ ತೊಲೆ 2x10 ಎಂದು ಮಾರುವ ಮರ, ನಿಜ ಅಗಲ 9¼ ಇಂಚು. ಅಂಗಡಿಯಲ್ಲಿ ಸಿಗುವ ಸಣ್ಣ ಫೇಶಿಯಾ 7¼ ಇಂಚು, ಅದು ಸಾಲದು. ದೊಡ್ಡದು ಸುಮಾರು 12 ಇಂಚು. ಅದನ್ನು ಹಾಗೇ ಹೊಡೆದರೆ ಕೆಳಗೆ ಎರಡೂವರೆ ಇಂಚಿನಷ್ಟು ಆಸರೆಯಿಲ್ಲದೆ ಜೋತುಬೀಳುತ್ತದೆ. ಹಲಗೆಯ ದಪ್ಪ ಬರೀ ಅರ್ಧ ಇಂಚಿನ ಆಸುಪಾಸು. ಇಷ್ಟು ತೆಳು, ಅಷ್ಟು ಅಗಲ, ಮೇಲೆ ಬಿಸಿಲು ಎಂದರೆ ಆ ಭಾಗ ಸೊಟ್ಟಗಾಗದೆ ಬಿಡದು. ಅದಕ್ಕೇ ಟೇಬಲ್ ಗರಗಸದಲ್ಲಿ 9¾ ಇಂಚಿಗೆ ಸೀಳಿದೆ. ತೊಲೆಗಿಂತ ಅರ್ಧ ಇಂಚು ಕೆಳಗಿಳಿದರೆ ಮಳೆನೀರು ಮರಕ್ಕೆ ತಾಗದೆ ತೊಟ್ಟಿಕ್ಕಿ ಹೋಗುತ್ತದೆ. ಸೀಳಿದ ಅಂಚಿಗೆ ಮೇಲ್ಪದರ ಇರುವುದಿಲ್ಲ, ಅದನ್ನು ಕೆಳಮುಖವಾಗಿ ಇಟ್ಟರೆ ಯಾರಿಗೂ ಕಾಣುವುದಿಲ್ಲ.

ಹಲಗೆ ಮುಟ್ಟುವ ಮೊದಲು ದಾರ ಎಳೆದು ನೋಡಿದೆ. ಟ್ರೀಟೆಡ್ ಮರ ಅಂಗಡಿಯಿಂದ ಹಸಿಯಾಗಿಯೇ ಬರುತ್ತದೆ, ಒಣಗುತ್ತಾ ತಿರುಚುತ್ತದೆ. ಮುಂಬದಿಯಲ್ಲಿ ಒಂದು ಕಡೆ ಉಬ್ಬು, ಇನ್ನೊಂದು ಕಡೆ ತಗ್ಗು. ಉಬ್ಬಿಗೆ ಎಲೆಕ್ಟ್ರಿಕ್ ಪ್ಲೇನರ್‌ನಲ್ಲಿ ಹತ್ರಿ ಹೊಡೆದು, ಹೆರೆದ ಜಾಗಕ್ಕೆ ತಾಮ್ರದ ಸಂರಕ್ಷಕ ದ್ರವ ಬಳಿದೆ. ತಗ್ಗಿಗೆ ಪ್ಲಾಸ್ಟಿಕ್ ಪಟ್ಟಿಗಳನ್ನು ಒತ್ತುಕೊಟ್ಟೆ. ಇಲ್ಲಿ ಅವಸರ ಸಲ್ಲದು. ತೆಳು ಹಲಗೆ ಹಿಂದಿನ ಡೊಂಕನ್ನೆಲ್ಲ ಹಾಗೆ ಹಾಗೇ ತೋರಿಸಿಬಿಡುತ್ತದೆ.

ಈಗ ಮುಖ್ಯ ವಿಷಯ, ಸ್ಕ್ರೂ. ಬೇಸಿಗೆಗೆಂದು ಬಂದಿರುವ ಮಾವ ಹಲಗೆಯ ಇನ್ನೊಂದು ತುದಿ ಹಿಡಿದಿದ್ದರು. ನಾನು 3/8 ಇಂಚಿನ ತೂತು ಕೊರೆಯುವುದನ್ನು ನೋಡಿ ಕೇಳಿದರು: "ಅಳಿಯಂದ್ರೇ, ಅಷ್ಟು ದೊಡ್ಡ ತೂತು ಯಾಕೆ? ಸ್ಕ್ರೂ ಅಲ್ಲಾಡಲ್ವಾ?"

"ಅಲ್ಲಾಡ್ಲಿ ಅಂತಾನೇ ಮಾವ, ಹಲಗೆಗೆ ಅಷ್ಟು ಜಾಗ ಬೇಕು" ಅಂದೆ.

ಮರ ತೇವಕ್ಕೆ ಅಗಲದಲ್ಲಿ ಹಿಗ್ಗುತ್ತದೆ, ಉದ್ದದಲ್ಲಿ ಹೆಚ್ಚುಕಡಿಮೆ ಇದ್ದಷ್ಟೇ ಇರುತ್ತದೆ. ಕಾಂಪೊಸಿಟ್ ಹಾಗಲ್ಲ, ಶಾಖಕ್ಕೆ ಉದ್ದವೇ ಬದಲಾಗುತ್ತದೆ. ಚಳಿಗಾಲದ ಬೆಳಿಗ್ಗೆ 30 ಡಿಗ್ರಿ ಫ್ಯಾರನ್‌ಹೀಟ್ ಇದ್ದ ಹಲಗೆ ಬೇಸಿಗೆಯ ಬಿಸಿಲಲ್ಲಿ 110 ಮುಟ್ಟಿತು ಎಂದಿಟ್ಟುಕೊಳ್ಳಿ. 12 ಅಡಿಯ ಹಲಗೆ ಸುಮಾರು ಕಾಲು ಇಂಚು ಉದ್ದವಾಗುತ್ತದೆ. ಹಿಂದಿನ ತೊಲೆ ಕದಲುವುದಿಲ್ಲ. ಸಾಮಾನ್ಯ ಸ್ಕ್ರೂ ಬಿಗಿದು ಹಲಗೆಯನ್ನು ಕಟ್ಟಿಹಾಕಿದರೆ ಅದು ಸ್ಕ್ರೂಗಳ ನಡುವೆ ಅಲೆ ಅಲೆಯಾಗಿ ಉಬ್ಬುತ್ತದೆ, ಇಲ್ಲವೇ ತುದಿಯಲ್ಲಿ ಸೀಳುತ್ತದೆ. ಫೇಶಿಯಾಕ್ಕೆಂದೇ ಸಿಗುವ ಸ್ಕ್ರೂವಿನ ತಲೆ ಅಗಲ, ಅದು ದೊಡ್ಡ ತೂತನ್ನು ಮುಚ್ಚುತ್ತದೆ. ತೂತಿನ ನಟ್ಟನಡುವೆ ಹೊಡೆದು, ಹಲಗೆ ಮರಕ್ಕೆ ತಾಗಿದೊಡನೆ ನಿಲ್ಲಿಸಬೇಕು. ಬಡಿದು ಬಡಿದು ಬಿಗಿಯುವ ಇಂಪ್ಯಾಕ್ಟ್ ಡ್ರೈವರ್ ಕೆಳಗಿಟ್ಟು, ಬೇಕಾದ ಬಿಗಿಗೆ ತಾನೇ ನಿಲ್ಲುವ ಕ್ಲಚ್ ಇರುವ ಡ್ರಿಲ್ ಬಳಸಿದೆ. ಅಗಲಕ್ಕೆ ಮೂರು ಸ್ಕ್ರೂ, ಉದ್ದಕ್ಕೆ ಅಡಿಗೊಂದು ಸಾಲು. ಎಲ್ಲವೂ ಸ್ಟೇನ್‌ಲೆಸ್, ಏಕೆಂದರೆ ಈಗಿನ ಟ್ರೀಟೆಡ್ ಮರದಲ್ಲಿರುವ ತಾಮ್ರ ಸಾದಾ ಉಕ್ಕನ್ನು ಬೇಗ ತಿನ್ನುತ್ತದೆ. ನನ್ನ ಮಟ್ಟಿಗೆ ಫೇಶಿಯಾ ಆಯ್ಕೆ ಅಂದರೆ ಅರ್ಧಕ್ಕರ್ಧ ಸ್ಕ್ರೂವಿನ ಆಯ್ಕೆಯೇ. ಬ್ರ್ಯಾಂಡ್ ಯಾವುದೇ ಆಗಲಿ, ಹಲಗೆಗೆ ಕದಲಲು ಜಾಗ ಬಿಡದಿದ್ದರೆ ಕೊಟ್ಟ ದುಡ್ಡಿಗೆ ಬೆಲೆಯಿಲ್ಲ.

ಮುಂಬದಿಗೆ 12 ಮತ್ತು 4 ಅಡಿಯ ತುಂಡು ಹಾಕದೆ, 12 ಅಡಿಯ ಎರಡು ಹಲಗೆಗಳಿಂದ 8 ಅಡಿಯ ಎರಡು ಸಮ ತುಂಡು ಮಾಡಿದೆ. ಪ್ರತಿ ತುಂಡಿನ ಹಿಗ್ಗುವಿಕೆ ಕಡಿಮೆ, ಜೋಡಣೆ ಮೆಟ್ಟಿಲಿನ ಮೇಲ್ಭಾಗಕ್ಕೆ ಬಂದು ಹಲಗೆಯ ನೆರಳಲ್ಲಿ ಅಡಗುತ್ತದೆ. ಉಳಿದ ಎರಡು ನಾಲ್ಕಡಿ ತುಂಡುಗಳು ಮೆಟ್ಟಿಲಿನ ಎದುರು ಹಲಗೆಗೆ ಸರಿಹೋದವು. 21 ಇಂಚಿಗೆ ಏಳೇಳರಂತೆ ಮೂರು ಏರು, ಮೇಲಿನ ಏರಿಗೆ ಫೇಶಿಯಾವೇ ಇದೆ. ಮೆಟ್ಟಿಲನ್ನು ಹೊರುವ ಓರೆ ತೊಲೆಗಳನ್ನು ಮಾತ್ರ ನೇರ ಮರಕ್ಕೇ ಕೂರಿಸಿ, ಫೇಶಿಯಾವನ್ನು ಅವುಗಳ ಸುತ್ತ ಕಚ್ಚು ಹೊಡೆದು ಹಾಕಿದ್ದೇನೆ. ಫೇಶಿಯಾ ಭಾರ ಹೊರುವ ವಸ್ತುವಲ್ಲ.

ಮೂಲೆಗಳಿಗೆ 45 ಡಿಗ್ರಿ ಮೈಟರ್ (ಎರಡೂ ತುದಿಯನ್ನು ಓರೆ ಕತ್ತರಿಸಿ ಕೂಡಿಸುವ ಜೋಡಣೆ) ಹಾಕಿಲ್ಲ. ಕತ್ತರಿಸಿದ ದಿನ ಚಂದ, ಚಳಿ ಬಂದೊಡನೆ ಬಾಯಿ ಬಿಡುತ್ತದೆ. ಮುಂಬದಿಯ ಹಲಗೆ ಪಕ್ಕದ ಬದಿಯ ಹಲಗೆಯ ತುದಿಯನ್ನು ಮುಚ್ಚುವಂತೆ ಒತ್ತಿ ನಿಲ್ಲಿಸಿದ್ದೇನೆ.

ಮುಂಬದಿ ಮತ್ತು ಮೂಡಣ ಬದಿ ಮುಗಿದಿವೆ. ಪಡುವಣ ಬದಿಯನ್ನು ಬಿಸಿಲೇರುವ ಮೊದಲು, ಬೆಳಿಗ್ಗೆ ಬೇಗ ಹೊಡೆಯುವ ಯೋಚನೆ. ಹಲಗೆ ತಣ್ಣಗಿದ್ದಾಗ ಕೂರಿಸುವುದರಿಂದ ತುದಿಯ ಸಂದನ್ನು ಕೊಂಚ ಹೆಚ್ಚು ಬಿಡಬೇಕು. ಅದಾದ ಮೇಲೆ ಮೆಟ್ಟಿಲಿನ ದೀಪಗಳ ವೈರಿಂಗ್.